ಅಮ್ಮ ಹಾಕಿದ ಆಕಾಶ

ಮಾರ್ಚ್ ೧೧, ಶನಿವಾರ ಬೆಳಿಗ್ಗೆ

ಪ್ರೀತಿಯ ಗುಬ್ಬಿ,

ಚೆನ್ನಾಗಿದ್ದೀಯಾ? ಅಳಿಯಂದಿರು, ಮೊಮ್ಮಗಳು ಎಲ್ಲರೂ ಕ್ಷೇಮವೆಂದು ನಂಬಿದ್ದೇನೆ. ನಿನ್ನ ಕಾಗದ ಬಂದು ಏಳು ವಾರವಾಯಿತು. ಉತ್ತರ ಬರೆಯದ್ದಕ್ಕೆ ಎಷ್ಟು ಬೇಕೋ ಅಷ್ಟು ಬೈದುಕೋ. ಮೂರು ಸಲ ಬರೆಯಲು ಕೂತೆ. ಒಂದು ಸಲ ಮಂಡಿನೋವು ಎಂದು ಎದ್ದೆ, ಇನ್ನೊಂದು ಸಲ ಪೆನ್ನು ಸರಿಯಿಲ್ಲ ಎಂದು ಎದ್ದೆ, ಮೂರನೆಯ ಸಲ ನೆಪವೂ ಸಿಗದೆ ಸುಮ್ಮನೆ ಎದ್ದೆ. ಫೋನು ಮಾಡೋಣವೆಂದರೆ ನೀನು, "ಫೋನಲ್ಲಿ ನೀವು ಮಾತು ಹಾರಿಸ್ತೀರಿ ಅಪ್ಪಾ, ಬರೆದೇ ಹೇಳಿ" ಎಂದು ಮೊದಲೇ ದಾರಿ ಮುಚ್ಚಿದ್ದೀಯ. ನಿನ್ನ ಅಮ್ಮನ ಮಗಳೇ ಸರಿ.

ಮುಂದಿನ ಶುಕ್ರವಾರ ನನ್ನ ಚಿತ್ರಗಳ ಪ್ರದರ್ಶನ ಶುರು. ಲೈಬ್ರರಿಯ ಮೇಲಿನ ಮಹಡಿಯಲ್ಲಿ ದೊಡ್ಡ ಕೋಣೆ ಕೊಟ್ಟಿದ್ದಾರೆ. ಗೋಡೆಗೆ ಹೊಸದಾಗಿ ಸುಣ್ಣದಂಥದ್ದೇನೋ ಬಳಿದಿದ್ದಾರೆ, ಅದರ ವಾಸನೆಗೇ ತಲೆ ತಿರುಗುತ್ತದೆ. ಎಲ್ಲ ನೋಡಿಕೊಳ್ಳುತ್ತಿರುವ ಮೇಡಂ ಒಬ್ಬರಿದ್ದಾರೆ. ನನ್ನನ್ನು ಕಂಡಾಗಲೆಲ್ಲ ಎರಡೂ ಕೈಯಲ್ಲಿ ನನ್ನ ಕೈ ಹಿಡಿದುಕೊಂಡು ಬಿಡುವುದೇ ಇಲ್ಲ. ಮನೆಗೆ ಬಂದ ಮೇಲೆ ಸೋಪು ಹಾಕಿ ತೊಳೆದುಕೊಳ್ಳುತ್ತೇನೆ. ತಪ್ಪು ಆಕೆಯದಲ್ಲ, ಪಾಪ. ಈಚೆಗೆ ಯಾರು ಹೊಗಳಿದರೂ ನನಗೆ ಮೈಗೆ ಏನೋ ಮೆತ್ತಿಕೊಂಡ ಹಾಗಾಗುತ್ತದೆ.

ಆಕೆ ಒಂದು ಪುಸ್ತಿಕೆ ಅಚ್ಚು ಹಾಕಿಸಿದ್ದಾರೆ. ನಾನು ಗಲ್ಲಕ್ಕೆ ಕೈಕೊಟ್ಟು ಕೂತ ಫೋಟೋ, ಹಲ್ಲುನೋವು ಬಂದವನ ಹಾಗೆ. ಒಳಗೆ ಬರೆದಿದ್ದಾರೆ: 'ಹುಟ್ಟಿದ ನೆಲ ಬಿಟ್ಟು ಬಂದ ಮನುಷ್ಯನ ಒಂಟಿತನವೇ ಈ ಆಕಾಶಗಳಲ್ಲಿ ಹರಡಿಕೊಂಡಿದೆ.' ಯಾರ ಒಂಟಿತನ? ಆ ಆಕಾಶ ಹಾಕಿದವಳು ಅವತ್ತು ಲಾಂಡ್ರಿಯಲ್ಲಿ ಅರವತ್ತು ದುಪ್ಪಟಿಗೆ ಇಸ್ತ್ರಿ ಮಾಡಿ ಬಂದಿದ್ದಳು. ಅವಳಿಗೆ ಕಾಲು ನೋಯುತ್ತಿತ್ತು, ಅಷ್ಟೇ.

ನೀನು ಬರೆದದ್ದೆಲ್ಲ ನಿಜ. 'ಮೇಜಿನ ಕೆಳಗೆ ಕೂತು ನೋಡುತ್ತಿದ್ದೆ, ಬೋರ್ಡು ಓರೆ ಮಾಡಿ ಹಿಡಿಯುತ್ತಿದ್ದವರು ನೀವು, ಬಣ್ಣ ಇಳಿಸುತ್ತಿದ್ದವಳು ಅಮ್ಮ' ಎಂದು ಬರೆದಿದ್ದೀಯ. ಐದು ವರ್ಷದ ಮಗುವಿಗೆ ಏನು ತಿಳಿಯುತ್ತದೆ ಎಂದುಕೊಂಡಿದ್ದೆ ನಾನು.

ನೀನು ಇನ್ನೂ ಹುಟ್ಟದಿದ್ದಾಗಿನ ಕಥೆ ಕೇಳು. ಈ ದೇಶಕ್ಕೆ ಬಂದ ಮೊದಲ ವರ್ಷ ಚಪ್ಪಲಿ ರಿಪೇರಿಯವನ ಅಂಗಡಿಯ ಮೇಲೆ ಒಂದೇ ಕೋಣೆ ನಮಗೆ. ಕಿಟಕಿಯ ಕೆಳಗೆ ಹೀಟರು, ಮೂಲೆಯಲ್ಲಿ ತೇವ. ಊರಿನಲ್ಲಿ ಕಣ್ಣು ಮುಚ್ಚಿಕೊಂಡು ಆಕಾಶ ಹಾಕುತ್ತಿದ್ದ ನನಗೆ ಇಲ್ಲಿ ಒಂದೂ ಕೂಡಿಬರಲಿಲ್ಲ. ಜಲವರ್ಣದಲ್ಲಿ ಆಕಾಶವೆಂದರೆ ಒಂದೇ ಏಟಿಗೆ ಆಗಬೇಕು. ಕಾಗದ ಒದ್ದೆ ಮಾಡಿ, ಅದು ಹದಕ್ಕೆ ಬಂದ ಗಳಿಗೆಯಲ್ಲಿ ಮೇಲಿಂದ ಕೆಳಗೆ ಬಣ್ಣ ಇಳಿಸಿಬಿಡಬೇಕು, ಆಮೇಲೆ ತಿದ್ದುವ ಹಾಗಿಲ್ಲ. ಹೀಟರಿನ ಕಡೆ ಬೇಗ ಒಣಗಿ, ತೇವದ ಕಡೆ ಒಣಗದೆ, ನನ್ನ ಆಕಾಶಗಳೆಲ್ಲ ಕಾಫಿ ಚೆಲ್ಲಿದ ಬಟ್ಟೆಯ ಹಾಗೆ ಕಲೆ ಕಲೆ. ಹರಿದು ಹರಿದು ಬಿಸಾಡಿದೆ. ನಿನ್ನ ಅಮ್ಮ ಕೆಲಸದಿಂದ ಬಂದವಳು, ಕೋಟು ಕೂಡ ಬಿಚ್ಚದೆ, ಬೆರಳಿನ ಹಿಂಬದಿಯಿಂದ ಕಾಗದ ಮುಟ್ಟಿ ನೋಡಿದಳು.

"ಹದಕ್ಕೆ ಬಂದಿದೆ ಅಂತ ಯಾರು ಹೇಳಿದ್ದು ನಿಮಗೆ? ಒಳಗೆ ಇನ್ನೂ ನೀರು ಕೂತಿದೆ. ಇಷ್ಟು ಒದ್ದೆ ಇರೋವಾಗ ಇಸ್ತ್ರಿ ಇಟ್ಟರೆ ನಮ್ಮ ಯಜಮಾನಿ ನನ್ನನ್ನ ಹಾಗೇ ಮನೆಗೆ ಕಳಿಸ್ತಾಳೆ."

ಅವಳು "ಈಗ" ಎಂದಾಗ ನಾನು ಬಣ್ಣ ಇಳಿಸಿದೆ. ಸರಿಬಂತು. ಹಾಗೆಯೇ ನಾಲ್ಕು ತಿಂಗಳು ನಡೆಯಿತು. ಒಂದು ದಿನ ಅವಳು "ಈಗ" ಎನ್ನುವುದಕ್ಕೂ ನಾನು ಕುಂಚ ಅದ್ದುವುದಕ್ಕೂ ನಡುವೆ ಹದ ತಪ್ಪಿತು. "ಕೊಡಿ ಇಲ್ಲಿ" ಎಂದು ಅಗಲದ ಕುಂಚ ಕಿತ್ತುಕೊಂಡು, ಮುಂದಿನ ಹಾಳೆಗೆ ತಾನೇ ಹಾಕಿದಳು. ದುಪ್ಪಟಿಯ ಮೇಲೆ ಇಸ್ತ್ರಿ ಎಳೆಯುವ ಹಾಗೆ, ಈ ಅಂಚಿನಿಂದ ಆ ಅಂಚಿಗೆ, ಕೈ ಎತ್ತದೆ. ಗುಬ್ಬಿ, ಅಂಥ ಆಕಾಶವನ್ನು ನಾನು ಜನ್ಮದಲ್ಲಿ ಹಾಕಿರಲಿಲ್ಲ. ನನಗೆ ಸಂತೋಷವಾಯಿತು ಎಂದು ಬರೆದರೆ ಸುಳ್ಳಾಗುತ್ತದೆ. ಹೊಟ್ಟೆಕಿಚ್ಚಾಯಿತು. ಕೆಳಗೆ ಗುಡ್ಡ, ನೀರು, ಮರ ಬರೆದು ನನ್ನ ಸಹಿ ಹಾಕಿದೆ. ಆಮೇಲೆ ಮೂವತ್ತೊಂದು ವರ್ಷ ಅದೇ ಕ್ರಮ.

ಅವಳು ಹೋದ ಮೇಲೆ ಈ ನಾಲ್ಕು ವರ್ಷದಲ್ಲಿ ನಾನು ಒಂದೇ ಒಂದು ಆಕಾಶ ಹಾಕಿಲ್ಲ. ಗುಡ್ಡವನ್ನೇ ಕಾಗದದ ತುದಿಯವರೆಗೆ ಎಬ್ಬಿಸಿಬಿಡುತ್ತೇನೆ, ಇಲ್ಲವೇ ಮೇಲೆ ಬಿಳಿ ಕಾಗದವನ್ನು ಹಾಗೇ ಬಿಡುತ್ತೇನೆ. ಅದಕ್ಕೆ ಪುಸ್ತಿಕೆಯಲ್ಲಿ ಏನೆಂದು ಬರೆದಿದ್ದಾರೆ ಗೊತ್ತೇ? 'ಮೌನದ ಹೊಸ ಘಟ್ಟ.' ಕೈಲಾಗದವನಿಗೆ ಎಂಥ ಮರ್ಯಾದೆ ನೋಡು! ನನಗೆ ಅವರ ಮೇಲೆ ಹೇಸಿಗೆ, ಆ ಬಿಳಿ ಕಾಗದದ ಮೇಲೆ ಹೇಸಿಗೆ, ಬೆಳಿಗ್ಗೆ ಎದ್ದು ಕನ್ನಡಿ ನೋಡಿದರೆ ಅಲ್ಲೂ ಅದೇ.

ಈಗ ನಿನ್ನ ಮಾತಿಗೆ ಬರುತ್ತೇನೆ. 'ಹನ್ನೆರಡು ಚಿತ್ರದ ಕೆಳಗೂ ಅಮ್ಮನ ಹೆಸರು ಇರಲಿ. ಇಲ್ಲದಿದ್ದರೆ ನನ್ನ ಗೋಡೆಯ ಮೇಲಿರುವುದನ್ನು ಕಳಿಸುವುದಿಲ್ಲ, ನಾನೂ ಬರುವುದಿಲ್ಲ' ಎಂದು ಬರೆದಿದ್ದೀಯ. ಮಾರಿಹೋದವನ್ನು ಬಿಟ್ಟರೆ ಅವಳ ಆಕಾಶವಿರುವ ಹನ್ನೊಂದು ಚಿತ್ರ ಇಲ್ಲಿವೆ. ನಿನ್ನ ಹತ್ತಿರ ಇರುವ ಹನ್ನೆರಡನೆಯದಕ್ಕೆ ಗೋಡೆಯಲ್ಲಿ ಜಾಗ ಬಿಟ್ಟು ಮೊಳೆ ಹೊಡೆದಿದ್ದಾರೆ.

ನಾನು ಪ್ರಯತ್ನ ಮಾಡಲಿಲ್ಲವೆಂದಲ್ಲ. ಹೋದ ವಾರ ಮೇಡಂ ಎದುರು ಕೂತು, "ಆ ಆಕಾಶಗಳ ವಿಷಯ ಒಂದು ಮಾತು ಹೇಳಬೇಕಿತ್ತು" ಎಂದೆ. ಆಕೆ ಎದೆಯ ಮೇಲೆ ಕೈ ಇಟ್ಟುಕೊಂಡು, "ನೀವೇನೂ ಹೇಳ್ಬೇಡಿ ಸಾರ್. ಅವು ನಿಮ್ಮ ಜೀವ ಅಂತ ನಮಗೆ ಗೊತ್ತಿಲ್ವಾ?" ಎಂದರು. ಒಂದು ಲೋಟ ನೀರು ಕುಡಿದು ಬಾಲ ಮುದುರಿಕೊಂಡು ಬಂದೆ.

ಮತ್ತೆ, ನಾನು ಹೇಳಿದರೂ ನಂಬುವವರು ಯಾರು? ಎಪ್ಪತ್ತೊಂದರ ಮುದುಕ, ಹೆಂಡತಿ ಹೋದ ದುಃಖಕ್ಕೆ ಏನೋ ಬಡಬಡಿಸುತ್ತಾನೆ ಎನ್ನುತ್ತಾರೆ. ಅದನ್ನೂ ಹೊಗಳುತ್ತಾರೆ, ಎಷ್ಟು ದೊಡ್ಡ ಮನಸ್ಸು ಎಂದು. ಸಾಕ್ಷಿ ಎಲ್ಲಿದೆ? ಸಹಿ ಎಲ್ಲ ನನ್ನದೇ. ಪುಸ್ತಿಕೆ ಅಚ್ಚಾಗಿದೆ, ಜನರನ್ನು ಕರೆದಾಗಿದೆ. ಇನ್ನೊಂದು ಸಲ ಮಾತಾಡಿ ನೋಡುತ್ತೇನೆ, ನೋಡೋಣ. ಅಷ್ಟಕ್ಕೆ ನೀನು ಮನಸ್ಸು ಕರಗಿಸಿ ಚಿತ್ರ ಕಳಿಸಿದರೆ ಒಳ್ಳೆಯದು.

ಮೊಮ್ಮಗಳಿಗೆ ನೆಗಡಿ ಎಂದು ಬರೆದಿದ್ದೆಯಲ್ಲ, ಈಗ ಹೇಗಿದ್ದಾಳೆ? ಅವಳಿಗೆ ಬಣ್ಣದ ಡಬ್ಬಿ ಕೊಡಿಸಬೇಡ, ನನ್ನ ಆಣೆ. ನಿಮ್ಮ ಮನೆ ನಗುನಗುತ್ತಾ ಇರಲಿ. ನಿನ್ನ ಕೈಗೆ, ನಿನ್ನ ಕಣ್ಣಿಗೆ ಒಳ್ಳೆಯದಾಗಲಿ.

ನಿನ್ನ
ಅಪ್ಪ

ತಾಜಾಕಲಂ: ಲಕೋಟೆಗೆ ಅಂಟು ಹಚ್ಚಿ, ಮತ್ತೆ ಬಿಚ್ಚಿದೆ. ಮೇಲೆ 'ಸಾಕ್ಷಿ ಎಲ್ಲಿದೆ' ಎಂದು ಬರೆದೆನಲ್ಲ, ಸಾಕ್ಷಿ ಇತ್ತು.

ಆ ಮೊದಲನೆಯ ಆಕಾಶ ಒಣಗಿದ ಮೇಲೆ ನಿನ್ನ ಅಮ್ಮ ಪೆನ್ಸಿಲು ತೆಗೆದುಕೊಂಡು, ಕಾಗದದ ತೀರ ಕೆಳಗಿನ ಅಂಚಿನಲ್ಲಿ, ನಮ್ಮ ಅಕ್ಷರದಲ್ಲಿ, ತನ್ನ ಹೆಸರು ಬರೆದಳು. ಇಷ್ಟೇ ಇಷ್ಟು ಸಣ್ಣದಾಗಿ. ನನ್ನ ಮುಖ ನೋಡಿ, "ಮೌಂಟಿನ ಕೆಳಗೆ ಹೋಗುತ್ತೆ ಬಿಡಿ, ಯಾರಿಗೂ ಕಾಣಲ್ಲ. ನನಗೆ ಗೊತ್ತಿದ್ರೆ ಸಾಕು" ಎಂದು ನಕ್ಕಳು. ಆಮೇಲೆ ಪ್ರತಿಯೊಂದಕ್ಕೂ ಬರೆದಳು. ಚಿತ್ರದ ಸುತ್ತ ರಟ್ಟಿನ ಮೌಂಟು ಕೂರಿಸುವ ಫ್ರೇಮಿನವನಿಗೆ ನಾನು ಪ್ರತಿ ಸಲ ಹೇಳುತ್ತಿದ್ದೆ, ಕೆಳಗಿನ ಅಂಚು ಒಂದು ಬೆರಳು ಅಗಲ ಇರಲಿ ಎಂದು. ಅದು ನನ್ನ ಶೈಲಿ ಎಂದು ಅವನು ತಿಳಿದಿದ್ದ.

ಪ್ರದರ್ಶನಕ್ಕೆಂದು ಹನ್ನೊಂದನ್ನೂ ಹೊಸ ಫ್ರೇಮಿಗೆ ಹಾಕಲು ಬಿಚ್ಚಿದ ಬೇರೊಬ್ಬ ಫ್ರೇಮಿನವನು ಹೋದ ತಿಂಗಳು ನನ್ನನ್ನು ಕರೆದು ತೋರಿಸಿದ. "ಎಲ್ಲದರ ಕೆಳಗೂ ಇದೇನೋ ಗೀಚಿದ ಹಾಗಿದೆಯಲ್ಲ, ಏನಿದು?" ಎಂದ. ಈ ದೇಶದವನು, ಅವನಿಗೆ ಅದು ಅಕ್ಷರ ಎಂದೂ ತಿಳಿಯಲಿಲ್ಲ. ಗುಬ್ಬಿ, ನಾನು ಒಂದು ಕ್ಷಣವೂ ಯೋಚಿಸಲಿಲ್ಲ. "ಕಾಗದದ ಅಂಗಡಿಯವರ ಗುರುತು" ಎಂದುಬಿಟ್ಟೆ.

ನಾಲ್ಕು ದಿನ ಬಿಟ್ಟು ಹೋದರೆ ಅವನು ಖುಷಿಯಿಂದ ಕಾದಿದ್ದ. "ಅಂಗಡಿಯವರ ಗುರುತು ಯಾಕೆ ಬೇಕು ಅಂತ ರಬ್ಬರ್ ಹಾಕಿ ತೆಗೆದುಬಿಟ್ಟೆ. ಹನ್ನೊಂದೂ ಸ್ವಚ್ಛ! ನೋಡಿ, ಒಂದು ಚೂರೂ ಕಾಣಲ್ಲ."

ನಿಜಕ್ಕೂ ಕಾಣುತ್ತಿರಲಿಲ್ಲ. ಒಳ್ಳೆಯ ಕೆಲಸಗಾರ. ನಾನು ಅವನಿಗೆ ಥ್ಯಾಂಕ್ಸ್ ಹೇಳಿ ಬಂದೆ.

ನಮ್ಮ ಕೈಯಲ್ಲಿ ಅವಳ ಹೆಸರು ಉಳಿದಿರುವುದು ನಿನ್ನ ಗೋಡೆಯ ಮೇಲಿರುವುದೊಂದರಲ್ಲೇ. ಅದನ್ನು ಕಳಿಸು ಎಂದು ಮೇಲೆ ಬರೆದದ್ದನ್ನು ಹೊಡೆದುಹಾಕಿಕೋ, ಕಳಿಸಬೇಡ. ಮೌಂಟು ಬಿಚ್ಚಿ, ನೀನೇ ಕೈಯಲ್ಲಿ ಹಿಡಿದುಕೊಂಡು ಶುಕ್ರವಾರ ಬಾ. ಎಲ್ಲರ ಎದುರು ಆ ಅಂಚು ತೋರಿಸಿ ನನ್ನನ್ನು ಕೇಳು, ಇದೇನು ಎಂದು. ಆ ಕೋಣೆಯಲ್ಲಿ ಅದನ್ನು ಓದಲು ಬರುವವರು ನಾವಿಬ್ಬರೇ. ನನ್ನ ಬಾಯಿಂದ ಅವಳ ಹೆಸರು ಬರದಿದ್ದರೆ ನೀನು ಓದಿ ಹೇಳು.