ಬೋರಲು ಹಿಡಿದ ಬಿಯರ್

ನನ್ನ ಅನುಮಾನದ ಅಪ್ಪನಿಗೆ,

ಸಾಂತಾಕ್ರೂಜ್‌ನ ನಮ್ಮ ಬಾರ್‌ನಲ್ಲಿ ನೀವು ಯಾರನ್ನು ನಂಬಿದ್ದಿರಿ ಹೇಳಿ? ಹಾಲಿನವನನ್ನೂ ಇಲ್ಲ, ಐಸ್‌ನವನನ್ನೂ ಇಲ್ಲ. ಬಿಯರಿಗೆ ಗ್ಲಿಸರಿನ್ ಸೇರಿಸುತ್ತಾರೆಂದು, ಬಾಟಲಿ ತೆರೆದ ಕೂಡಲೇ ಅದರ ಬಾಯಿಗೆ ಹೆಬ್ಬೆರಳು ಒತ್ತಿ ನೀರಿನ ಗ್ಲಾಸಿನಲ್ಲಿ ಬೋರಲು ಹಿಡಿಯುತ್ತಿದ್ದಿರಿ. ಭಾರದ ಗ್ಲಿಸರಿನ್ ಎಲ್ಲ ನೀರಿಗಿಳಿಯಬೇಕು, ಆಮೇಲೆಯೇ ಕುಡಿಯುವುದು. ಮನುಷ್ಯರನ್ನು ನೋಡುತ್ತಿದ್ದುದೂ ಹಾಗೆಯೇ.

ಸುರೇಂದ್ರ ನನ್ನನ್ನು ಮದುವೆಗೆ ಕೇಳಲು ಮನೆಗೆ ಬಂದ ಸಂಜೆ ನೆನಪಿದೆಯೇ? ಹಡಗಿನ ಕೆಲಸದವನು, ಅಮೆರಿಕದ ಯಾವುದೋ ಬಂದರಿನ ಸಣ್ಣ ಭಟ್ಟಿಯ ಬಿಯರ್ ತಂದಿದ್ದ. ಹಾಪ್ಸ್ ಎಂಬ ಬಳ್ಳಿಯ ಹೂವನ್ನು ಕೈಬಿಚ್ಚಿ ಹಾಕಿದ್ದಾರೆ, ಕಹಿ ಜಾಸ್ತಿ, ಮೊದಲು ಮೂಸಿ ಆಮೇಲೆ ನಿಧಾನ ಕುಡಿಯಬೇಕು ಎಂದ. ನೀವು ಮೂಸಲಿಲ್ಲ, ಬೋರಲು ಹಿಡಿದಿರಿ. ತಳದ ಮಡ್ಡಿ ಇಳಿದು ಗ್ಲಾಸಿನ ನೀರೆಲ್ಲ ಕದಡಿತು. ಅದು ಈಸ್ಟ್, ಇಂಥ ಬಿಯರಿನಲ್ಲಿ ಇರುವುದೇ ಎಂದು ಪಾಪ ಅವನು ಹೇಳುತ್ತಲೇ ಇದ್ದ.

"ಇದರ ಹೊಟ್ಟೆಯಲ್ಲಿ ಏನೋ ಉಂಟು ಮಗಾ," ಎಂದಿರಿ ನನಗೆ, ಅವನೆದುರೇ. "ತಂದವನದ್ದೂ ಅಷ್ಟೇ. ಬೇಡ."

ಉಳಿದದ್ದನ್ನು ಮೋರಿಗೆ ಚೆಲ್ಲುತ್ತೇನೆಂದು ಬಾಟಲಿ ಹಿಡಿದು ಒಳಗೆ ಹೋದವರು ಬರಲು ಎಷ್ಟು ಹೊತ್ತು! ನನಗೆ ಆಗಲೇ ಅನುಮಾನ. ನಿಮ್ಮ ಮಗಳಲ್ಲವೇ? ಅವನು ಹೋದ ಮೇಲೆ ಊಟ ಬಡಿಸಲು ಬಗ್ಗಿದರೆ ನಿಮ್ಮ ಮೀಸೆಯಲ್ಲಿ ಚಕ್ಕೋತದ ಸಿಪ್ಪೆಯ ವಾಸನೆ. ಚಕ್ಕೋತ ಎಲ್ಲಿತ್ತು ಎಂದು ಅಮ್ಮನೂ ಕೇಳಿದರು. ನೀವು ಹಾಗಲಕಾಯಿ ಪಲ್ಯ ಇನ್ನಷ್ಟು ಹಾಕು ಎಂದಿರಿ. ಕುಡಿದಿದ್ದಿರಾ? ಕುಡಿದು ರುಚಿಸಿದ್ದರೆ ಅವನನ್ನೇಕೆ... ಕೇಳುವ ಧೈರ್ಯ ಬರುವ ಮೊದಲೇ ಈ ಲೋಕ ಬಿಟ್ಟು ಹೊರಟುಹೋದಿರಿ. ಆ ಸಿಟ್ಟು ನನಗಿನ್ನೂ ಇಳಿದಿಲ್ಲ.

ನೀವು ಹೋದ ಮೇಲೂ, ಅವರು ಬೇಡವೆಂದ ಹುಡುಗ ಬೇಡವೇ ಬೇಡ ಎಂದು ಅಮ್ಮನದು ಒಂದೇ ಹಟ. ಮೊನ್ನೆ ಸುರೇಂದ್ರ ಅದೇ ಬಿಯರ್ ಮತ್ತೆ ತಂದ. ನಾನೂ ಬೋರಲು ಹಿಡಿದೆ ಅಪ್ಪ, ಅವನು ನಕ್ಕ. ಉಳಿದದ್ದನ್ನು ಗುಟುಕರಿಸಿದೆ. ಮೊದಲು ನಾಲಿಗೆ ಮುದುಡುವ ಕಹಿ, ಹಿಂದೆಯೇ ಅವತ್ತು ನಿಮ್ಮ ಮೀಸೆಯಲ್ಲಿದ್ದ ಅದೇ ಚಕ್ಕೋತ, ಮತ್ತೆ ಕಹಿ. ಆದರೆ ಈ ಸಲದ್ದು ಇನ್ನೊಂದು ಗುಟುಕು ಕೇಳುವ ಕಹಿ.

ಗ್ಲಾಸನ್ನು ಅಮ್ಮನ ಮೂಗಿಗೆ ಹಿಡಿದೆ. ಮುಖ ತಿರುಗಿಸಿದವರು, ಸ್ವಲ್ಪ ಹೊತ್ತಿಗೆ ತಾವೇ ಗ್ಲಾಸ್ ತೆಗೆದುಕೊಂಡು ಮೂಸಿದರು. ಕಣ್ಣು ತುಂಬಿ ಬಂತು.

"ಕಳ್ಳ ಮನುಷ್ಯ. ಚೆಲ್ಲಿದೆ ಅಂದಿದ್ರು," ಎಂದರು. ಆಮೇಲೆ ಸುರೇಂದ್ರನಿಗೆ, "ಮನೆಯವರನ್ನ ಕರ್ಕೊಂಡು ಬಾ."

ಮುಂದಿನ ತಿಂಗಳು ಚೆಂಬೂರಿನಲ್ಲಿ ಮದುವೆ. ಇನ್ನು ನೀವು ಬೇಡ ಅನ್ನುವಂತಿಲ್ಲ ಅಪ್ಪ. ನಿಮ್ಮ ಮೀಸೆ ಅವತ್ತೇ ಒಪ್ಪಿದೆ.