ಗುಡ್ಡದ ಹಿಂದಿನ ದಾರಿ

ಸ್ಕಾರ್‌ಹೋಪ್, ನಾರ್ತಂಬರ್ಲೆಂಡ್
೯ ಮಾರ್ಚ್ ೧೯೫೧

ಪ್ರೀತಿಯ ಹ್ಯೂಬರ್ಟ್,

ಹೇಗಿದ್ದೀಯ? ಸಂಜೆಯ ಜ್ವರ ನಿಜವಾಗಿಯೂ ನಿಂತಿದೆಯೋ, ಇಲ್ಲ ನನ್ನ ಸಮಾಧಾನಕ್ಕೆ ಹಾಗೆ ಬರೆಯುತ್ತೀಯೋ? ಈ ಚಳಿಯಲ್ಲೂ ಆಸ್ಪತ್ರೆಯವರು ಹಾಸಿಗೆಯನ್ನು ವರಾಂಡದಲ್ಲೇ ಹಾಕುತ್ತಾರಂತಲ್ಲ. ಗಾಳಿಯಿಂದಲೇ ಕ್ಷಯ ವಾಸಿಯಾಗುವುದಾದರೆ ನಿನ್ನನ್ನು ಅಷ್ಟು ದೂರ ಕಳಿಸಬೇಕಾಗಿರಲಿಲ್ಲ, ನಮ್ಮ ಹಿತ್ತಲಲ್ಲೇ ಮಲಗಿಸಬಹುದಿತ್ತು. ಉಣ್ಣೆಯ ಕಾಲುಚೀಲ ಕಳಿಸಿದ್ದೇನೆ. ಒಂದರ ಹಿಮ್ಮಡಿ ಸೊಟ್ಟಗಾಗಿದೆ. ಹೊದಿಕೆಯೊಳಗೆ ಯಾರಿಗೂ ಕಾಣುವುದಿಲ್ಲ, ಹಾಕಿಕೋ.

ನಾನು ಚೆನ್ನಾಗಿದ್ದೇನೆ. ಒಬ್ಬಳಿಗೆ ಎಷ್ಟು ಚಹಾ ಬೇಕೆಂಬ ಅಳತೆ ಮಾತ್ರ ಇನ್ನೂ ಕೈಗೆ ಹತ್ತಿಲ್ಲ. ದಿನವೂ ಒಂದು ಕಪ್ಪು ಉಳಿಯುತ್ತದೆ. ಚೆಲ್ಲಲು ಮನಸ್ಸಾಗದೆ, ತಣ್ಣಗಾದ ಮೇಲೆ ಅದನ್ನೂ ನಾನೇ ಕುಡಿಯುತ್ತೇನೆ.

ನಿನ್ನ ಹೋದ ವಾರದ ಪತ್ರವನ್ನು ಎಷ್ಟು ಸಲ ಓದಿದೆನೋ. “ಎರಡು ವರ್ಷ ಆ ಊರಿನ ಗಂಡಸರು ನನ್ನನ್ನು ಕಂಡರೆ ಮುಖ ತಿರುಗಿಸಿದರು, ಅವರಿಗೆ ನಾನು ಬೇಕಾಗಿಲ್ಲ, ವಾಸಿಯಾದ ಮೇಲೆ ಎಲ್ಲಾದರೂ ಶಾಲೆಯಲ್ಲಿ ಪಾಠ ಹೇಳಿಕೊಂಡಿರುತ್ತೇನೆ” ಎಂದು ಬರೆದಿದ್ದೀಯ. ನಿನ್ನ ಕಿರಿಯ ಪಾದ್ರಿಯ ಜಾಗಕ್ಕೆ ಬೇರೆಯವರನ್ನು ನೋಡಿಕೊಳ್ಳಲಿ ಎಂದು ಹಿರಿಯ ಪಾದ್ರಿ ಲೋರಿಮರ್ ಅವರಿಗೆ ನಾನೇ ಹೋಗಿ ತಿಳಿಸಬೇಕಂತೆ. ಈಸ್ಟರ್‌ಗೆ ಮೊದಲು ಅವರಿಗೆ ಉತ್ತರ ಬೇಕು, ಅದೂ ಗೊತ್ತು. ಇರಲಿ, ಮೊದಲು ಊರಿನ ಸುದ್ದಿ ಕೇಳು.

ನಿನ್ನ ಬದಲಿಗೆ ತಾತ್ಕಾಲಿಕವಾಗಿ ಬಂದಿರುವ ಪಿಲ್ಬೀಮ್ ಒಳ್ಳೆಯ ಹುಡುಗ. ದಕ್ಷಿಣದವನು, ಕೆನ್ನೆ ಯಾವಾಗಲೂ ಕೆಂಪು, ಕೈಯಲ್ಲಿ ಯಾವಾಗಲೂ ಛತ್ರಿ. ನಾವು ಬಂದ ಹೊಸತರಲ್ಲಿ ನೀನು ಮಾಡಿದ ತಪ್ಪನ್ನೇ ಅವನೂ ಮಾಡಿದ. ಬೆಳಗಿನ ಜಾವ ದೋಣಿಕಟ್ಟೆಗೆ ಹೋಗಿ ಎಲ್ಲರನ್ನೂ ಹರಸಿದ. ಸಮುದ್ರಕ್ಕೆ ಹೊರಟವನು ಪಾದ್ರಿಯ ಮುಖ ನೋಡಿದರೆ ಆ ದಿನ ದೋಣಿ ನೀರಿಗಿಳಿಯುವಂತಿಲ್ಲ ಎಂದು ನಮಗಾದರೂ ಯಾರು ಹೇಳಿದ್ದರು? ಗೊತ್ತಾದ ಮರುದಿನದಿಂದ ನೀನು ದಡದ ದಾರಿ ಬಿಟ್ಟು, ಗುಡ್ಡದ ಹಿಂದಿನ ಕೆಸರುದಾರಿಯಲ್ಲಿ ಬೆಳಗಿನ ಪ್ರಾರ್ಥನೆಗೆ ಹೋಗತೊಡಗಿದೆ. ಅಲ್ಲಿಂದ ನೋಟ ಚೆನ್ನಾಗಿರುತ್ತದೆ ಎಂದು ನನಗೆ ಸುಳ್ಳು ಹೇಳಿದೆ. ಪಿಲ್ಬೀಮ್ ಮಾತ್ರ ಇದೆಲ್ಲ ಮೂಢನಂಬಿಕೆ, ಬಿಡಿಸಬೇಕು ಎಂದು ದಿನವೂ ಕಟ್ಟೆಗೆ ಹೋಗಿ ಟೊಪ್ಪಿಗೆ ಎತ್ತಿ ನಮಸ್ಕರಿಸುತ್ತಾನೆ. ದೋಣಿಗಳು ಮರಳಿನ ಮೇಲೇ ಕುಳಿತಿವೆ.

ಈ ನಡುವೆ ನಿನ್ನ ಆ ಮುಂಗೋಪಿ ಮೀನುಗಾರ ಐಸಾಕ್‌ನ ಸೊಸೆ ಬೆಲ್ಲಾ ಹೆತ್ತಿದ್ದಾಳೆ. ಗಂಡುಮಗು. ಐದು ವಾರವಾದರೂ ದೀಕ್ಷಾಸ್ನಾನ ಆಗಿಲ್ಲ, ಹಾಗಾಗಿ ಹೆಸರು ಹಿಡಿದು ಕರೆಯುವಂತಿಲ್ಲ; ಎಲ್ಲರೂ ಪುಟ್ಟ ಏಡಿ ಅನ್ನುತ್ತಾರೆ. ಮಗುವಿಗೆ ದೀಕ್ಷಾಸ್ನಾನವಾಗಿ, ಬಾಣಂತಿ ದೇವಾಲಯಕ್ಕೆ ಬಂದು ಸ್ತೋತ್ರ ಸಲ್ಲಿಸುವವರೆಗೆ ಇಬ್ಬರೂ ಇನ್ನೊಬ್ಬರ ಹೊಸ್ತಿಲು ದಾಟಬಾರದೆಂಬ ಇಲ್ಲಿನ ಕಟ್ಟು ನಿನಗೆ ಗೊತ್ತಲ್ಲ. ಅವಳ ಅಜ್ಜಿ ಅದೇ ಬೀದಿಯ ತುದಿಯಲ್ಲಿ ಹಾಸಿಗೆ ಹಿಡಿದಿದ್ದಾಳೆ. ಮರಿಮಗನನ್ನು ತೋರಿಸಿ ಎಂದು ದಿನವೂ ಹೇಳಿಕಳಿಸುತ್ತಾಳೆ. ಬೆಲ್ಲಾ ಕಿಟಕಿಯಲ್ಲೇ ಕೂತಿರುತ್ತಾಳೆ. ಪಿಲ್ಬೀಮ್‌ಗೆ ದೀಕ್ಷಾಸ್ನಾನಕ್ಕೆ ಯಾಕೆ ಹೇಳಿಲ್ಲ ಎಂದು ಕೇಳಿದೆ. “ಅಯ್ಯೋ, ಆ ಛತ್ರಿ ಸ್ವಾಮಿ ಒಂದು ಕೈಲಿ ಛತ್ರಿ, ಒಂದು ಕೈಲಿ ಟೊಪ್ಪಿಗೆ ಹಿಡ್ಕೊಂಡ್ರೆ ನನ್ನ ಮಗೂನ ಯಾವ ಕೈಲಿ ಹಿಡೀತಾರೆ?” ಎಂದು ನಕ್ಕಳು. ನಕ್ಕವಳು ಆಮೇಲೆ ಬೀದಿಯ ತುದಿಯ ಕಡೆಗೇ ನೋಡುತ್ತಾ ಕೂತಳು. ನಾನು ಸಾಹಿತ್ಯ ಓದಿದವಳು ಎಂದು ಹೆಸರು; ಬೇಕಾದ ಮಾತು ನನಗೆ ಯಾವತ್ತೂ ಮನೆಗೆ ಬಂದ ಮೇಲೆಯೇ ಹೊಳೆಯುವುದು.

ಮೊನ್ನೆ ಮಧ್ಯಾಹ್ನ ಐಸಾಕನೇ ನಮ್ಮ ಹಿತ್ತಿಲ ಬಾಗಿಲಿಗೆ ಬಂದ. ಒದ್ದೆ ಗೋಣಿಯಲ್ಲಿ ದಡದಿಂದಲೇ ಗಾಳ ಹಾಕಿ ಹಿಡಿದ ಎರಡು ಮೀನು. ಒಳಗೆ ಬಾ ಎಂದರೆ ಬರಲಿಲ್ಲ, ಪಾದ್ರಿಯ ಮನೆಯಲ್ಲವೇ. ಹಾಗಾದರೆ ನಾನೇ ಹೊರಗೆ ಬರುತ್ತೇನೆಂದು ಮೆಟ್ಟಿಲ ಮೇಲೆ ನಿಂತೆ. ನನ್ನ ಸೊಪ್ಪಿನ ಪಾತಿಯನ್ನೇ ನೋಡುತ್ತಾ, ನೀನು ಎಂದು ಬರುತ್ತೀಯ ಎಂದು ಕೇಳಿದ. ಗೊತ್ತಿಲ್ಲ, ಊರವರು ಮುಖ ತಿರುಗಿಸಿದ್ದು ನಿನ್ನ ಮನಸ್ಸಿನಲ್ಲಿ ಉಳಿದುಬಿಟ್ಟಿದೆ ಎಂದುಬಿಟ್ಟೆ. ಹೇಗೆ ಬಾಯಿಗೆ ಬಂತೋ! ಐಸಾಕ್‌ಗೆ ನಿಜಕ್ಕೂ ಆಶ್ಚರ್ಯವಾಯಿತು.

“ಅಲ್ಲಮ್ಮಾ, ಮುಖ ತಿರುಗಿಸಿದ್ರೆ ನೋಡಿದ ಹಾಗಾಗಲ್ವಲ್ಲ. ಅವತ್ತು ನೀರಲ್ಲಿ ಏನಾದ್ರೂ ಆದ್ರೆ ನಿಮ್ಮ ಮನೆಯವರ ಮೇಲೆ ಮಾತು ಬರಬಾರದು ಅಂತಾನೇ ತಿರುಗಿಸ್ತಿದ್ದಿದ್ದು. ಹಿಮ ಬೀಳ್ತಿರುವಾಗ್ಲೂ ಅವರು ಗುಡ್ಡ ಸುತ್ಕೊಂಡು ಹೋಗ್ತಿದ್ರು. ಕಂಡರೂ ಕಂಡಿಲ್ಲ ಅಂದ್ಕೊಂಡು ದೋಣಿ ತಳ್ತಿದ್ವಿ.”

ಆ ದಾರಿಯ ತೇವವೇ ನಿನ್ನ ಎದೆಗಿಳಿಯಿತೆಂದು ಅವನ ಹೆಂಡತಿ ಕಣ್ಣೀರು ಹಾಕುತ್ತಾಳಂತೆ. ಈ ಕಾಯಿಲೆ ಕೆಸರಿನಿಂದ ಬರುವುದಲ್ಲ ಎಂದು ಹೇಳಿದೆ, ನಂಬಿದಂತೆ ಕಾಣಲಿಲ್ಲ. ಹೋಗುವಾಗ ಬೇಲಿಯ ಹತ್ತಿರ ತಿರುಗಿ, “ಅವರು ಬರೋವರೆಗೆ ಮಗು ಕಾಯುತ್ತೆ. ಅದರ ಮುತ್ತಜ್ಜಿ ಎಷ್ಟು ದಿನ ಕಾಯ್ತಾಳೋ ಹೇಳಕ್ಕಾಗಲ್ಲ,” ಎಂದ.

ಅವತ್ತು ಸಂಜೆ ನಾನು ನಿನ್ನ ಗುಡ್ಡದ ದಾರಿ ಹಿಡಿದೆ. ಮೊಣಕಾಲವರೆಗೆ ಕೆಸರಾಯಿತು. ಮಂಜು ಮುಸುಕಿ ನೋಟವಂತೂ ಏನೂ ಇರಲಿಲ್ಲ. ಆದರೂ ನೀನು ಎಲ್ಲೆಲ್ಲಿ ಕಾಲಿಟ್ಟಿರಬಹುದು ಎಂದು ಹುಡುಕುತ್ತಾ ದೇವಾಲಯದ ಬಾಗಿಲವರೆಗೂ ಹೋದೆ. ಇಷ್ಟು ದಿನದಲ್ಲಿ ನಿನ್ನ ಹತ್ತಿರ ಇದ್ದೇನೆ ಅನ್ನಿಸಿದ್ದು ಆವತ್ತೇ.

ಹಾಲು ಬಿಡದೆ ಕುಡಿ. ಪಕ್ಕದ ಹಾಸಿಗೆಯ ಮೇಷ್ಟರಿಗೆ ನನ್ನ ವಂದನೆ ತಿಳಿಸು. ದೇವರು ನಿನ್ನ ಉಸಿರನ್ನು ಹಗುರ ಮಾಡಲಿ.

ನಿನ್ನ ದಾರಿ ನೋಡುತ್ತಿರುವ,
ಹೆಸ್ಟರ್

ಮರೆತೆ: ಅಂಚೆ ಹೊರಡುವ ಹೊತ್ತಾಯಿತು, ಬೇಗ ಬರೆಯುತ್ತೇನೆ. ನೀನು ಹೇಳೆಂದದ್ದನ್ನು ಲೋರಿಮರ್ ಅವರಿಗೆ ಹೇಳಲಿಲ್ಲ. ನಿನ್ನೆ ಹೋಗಿ, ನೀನು ಬಂದೇ ಬರುತ್ತೀಯ, ಜಾಗ ಯಾರಿಗೂ ಕೊಡಬೇಡಿ ಎಂದೆ. ಈ ಸಲ ಮನೆಗೆ ಬರುವ ಮೊದಲೇ ಹೇಳಿ ಮುಗಿಸಿದೆ. ಮೇ ತಿಂಗಳವರೆಗೆ ಕಾಯುತ್ತಾರಂತೆ. ನೀನು ಬರುತ್ತೀಯೆಂದು ಬೆಲ್ಲಾಳಿಗೂ ಹೇಳಿದ್ದೇನೆ. ವೈದ್ಯರು ಬಿಡುವವರೆಗೆ ಹೊರಡಬೇಡ. ನಿನ್ನನ್ನು ಕೇಳದೆ ಮಾಡಿದೆನೆಂದು ಸಿಟ್ಟು ಬಂದರೆ ಬೈಯಬಹುದು. ಪತ್ರದಲ್ಲಿ ಬೇಡ. ಇಲ್ಲಿಗೆ ಬಂದು ಬೈ.