ನನ್ನ ಹೆಂಡತಿಯ ಫೋಟೊ ಮೇಲಿನ ಹಾರ ತೆಗೆಸಿ

ಟೀವಿ ಚಾನೆಲ್ಲಿನ ಧಾರಾವಾಹಿ ವಿಭಾಗದ ಮುಖ್ಯಸ್ಥರೇ,

ನನ್ನ ಹೆಂಡತಿ ಬದುಕಿದ್ದಾಳೆ. ಈಗಲೂ ಅಟ್ಟದ ಮೇಲಿಂದ, ಏಣಿ ಹಿಡಿಯಲು ಬನ್ನಿ ಎಂದು ಕೂಗುತ್ತಿದ್ದಾಳೆ. ಆದರೆ ದಿನಾ ಸಂಜೆ ಏಳಕ್ಕೆ ನಿಮ್ಮ ಧಾರಾವಾಹಿಯ ಗೋಡೆಯ ಮೇಲೆ ಗಂಧದ ಹಾರ ಹಾಕಿಕೊಂಡು ನೇತಾಡುತ್ತಾಳೆ. ಇದನ್ನು ತಮ್ಮ ಅವಗಾಹನೆಗೆ ತರುತ್ತಿದ್ದೇನೆ, ಅವಗಣನೆಗಲ್ಲ.

ಬೇಸಿಗೆಯಲ್ಲಿ ನಿಮ್ಮವರು ಅರಳಗುಪ್ಪೆಯ ನಮ್ಮ ಮನೆಗೆ ಚಿತ್ರೀಕರಣಕ್ಕೆ ಬಂದರು. ಅಜ್ಜಿಯ ಪಾತ್ರಕ್ಕೆ ಒಬ್ಬರು ಬೇಕೆಂದರು. ನನ್ನ ಹೆಂಡತಿ ಶಿವರುದ್ರಮ್ಮನ ಮುಖ ಅರಳಿತು. ಶಾಲೆಯ ನಾಟಕದಲ್ಲಿ ರಾಣಿಯ ಮಾತು ಪೂರ್ತಿ ಬಾಯಿಪಾಠ ಮಾಡಿಕೊಂಡಿದ್ದವಳನ್ನು ಅವಳಪ್ಪ ರಂಗ ಹತ್ತಲು ಬಿಟ್ಟಿರಲಿಲ್ಲ. ಇಷ್ಟು ವರ್ಷದ ಮೇಲೆ ಬಾಯಿ ತೆರೆಯುವ ಯೋಗ ಬಂತೆಂದುಕೊಂಡು ಹಸಿರು ರೇಷ್ಮೆ ಸೀರೆ ಉಟ್ಟು ನಿಂತಳು.

"ನಾನೇನ್ ಮಾತಾಡ್ಬೇಕಪ್ಪ?" ಎಂದಳು.

"ಏನೂ ಇಲ್ಲ ಅಮ್ಮ, ಸತ್ತಿರ್ಬೇಕು ಅಷ್ಟೆ," ಎಂದ ನಿರ್ದೇಶಕ ಹುಡುಗ.

"ಸಾಯೋಕ್ ಮುಂಚೆ?"

"ಮುಂಚೆ ಇಲ್ಲಮ್ಮ. ಸೀರಿಯಲ್ ಶುರುವಾಗೋದೇ ನೀವು ಸತ್ತಮೇಲೆ."

ಹಸಿರು ಸೀರೆ ಬಿಚ್ಚಿಸಿ ಬಿಳಿ ಸೀರೆ ಉಡಿಸಿದರು. ಕುಂಕುಮ ಒರೆಸಿದರು. ಗಂಡನಾದ ನಾನು ಎದುರಿಗೇ ನಿಂತಿದ್ದೆ! "ಗಾಬರಿ ಬೇಡ ತಾತ, ಬರೀ ಪಾತ್ರ," ಎಂದ ಹುಡುಗ.

ಅವಳನ್ನು ಮಲಗಿಸಿ, ತಲೆಯ ಹತ್ತಿರ ದೀಪ ಇಡಲು ತೆಂಗಿನಕಾಯಿ ಹೋಳು ಬೇಕೆಂದರು. ನಿಮ್ಮ ಆಳೊಬ್ಬ ಸೀದಾ ನಮ್ಮ ಅಟ್ಟದಿಂದ ಒಂದು ಕಾಯಿ ತಂದ. ಕ್ಯಾಮೆರಾ ಓಡುತ್ತಿತ್ತು, ಸೊಸೆಯ ಪಾತ್ರದವಳು ಅಳುತ್ತಿದ್ದಳು. ಅವನು ಮಚ್ಚು ಎತ್ತಿದಾಗ ಕಾಯೊಳಗೆ ಲೊಡಲೊಡ ಸದ್ದಾಯಿತು. ವರ್ಷದಿಂದ ಅಟ್ಟದಲ್ಲಿ ಒಣಗಿ, ಕರಟ ಬಿಟ್ಟು ಉಂಡೆ ಕೊಬ್ಬರಿಯಾಗಿದ್ದ ಕಾಯಿ ಅದು. ಹೆಣ ಕಣ್ಣು ಬಿಟ್ಟಿತು.

"ಏ ಏ, ಒಡೀಬ್ಯಾಡ ಕಣಪ್ಪ! ಒಳ್ಗೆ ಕೊಬ್ರಿ ಆಗೈತೆ, ಚೂರಾಯ್ತದೆ. ಹಿತ್ಲಲ್ಲಿ ಹಸೀ ಕಾಯೈತೆ, ಅದ್ ತಗಾ."

"ಅಮ್ಮಾ, ನೀವು ಸತ್ತಿದ್ದೀರಿ!"

"ಸತ್ರೇನಪ್ಪ, ಕಾಯಿ ನಮ್ದಲ್ವಾ?"

ಲೈಟಿನ ಹುಡುಗರು ಬಿದ್ದು ಬಿದ್ದು ನಕ್ಕರು. ಅಳುತ್ತಿದ್ದ ಸೊಸೆಯೂ ನಕ್ಕಳು. ನಿಮ್ಮ ಧಾರಾವಾಹಿಯಲ್ಲಿ ಜೀವವಿದ್ದ ದೃಶ್ಯ ಅದೊಂದೇ. ಅದನ್ನೇ ಕಿತ್ತುಹಾಕಿದಿರಿ! ಅವಳದೊಂದು ಫೋಟೊ ತೆಗೆದು, ಹಾರ ಹಾಕಿ, ಕೆಲಸ ಮುಗಿಸಿದಿರಿ.

ಸ್ವಾಮಿ, ನಿಮ್ಮ ಲೋಕದ ವ್ಯಾಕರಣ ಯಾವುದು? "ಹೆಣ್ಣು" ಎಂಬಲ್ಲಿ ವಯಸ್ಸಾದ ಕೂಡಲೇ ಒತ್ತೂ ಕೊಂಬೂ ಕಿತ್ತು "ಹೆಣ" ಮಾಡುವುದೇ? ನನ್ನ ವಾರಿಗೆಯ ನಾಯಕನಟರು ಇನ್ನೂ ಕಾಲೇಜಿಗೆ ಹೋಗುತ್ತಾರೆ. ನನ್ನ ಹೆಂಡತಿಯ ವಾರಿಗೆಯವರು ಮಸಣಕ್ಕೆ ಹೋಗುತ್ತಾರೆ. ಹೋಗದೆ ಉಳಿದವರು ಪಾಯಸಕ್ಕೆ ವಿಷ ಹಾಕಬೇಕು, ಇಲ್ಲ ಬಾಗಿಲ ಸಂದಿಯಲ್ಲಿ ಕಿವಿ ಇಡಬೇಕು. ವ್ಯಾಪಾರಿಯೊಡನೆ ಜಗಳ ಆಡುವ, ಮೊಮ್ಮಗಳಿಗೆ ಪೋಲಿ ಜೋಕು ಹೇಳುವ, ಗಂಡನನ್ನು ಏಣಿ ಹಿಡಿಯಲು ನಿಲ್ಲಿಸುವ ಒಬ್ಬ ಮುದುಕಿಯೂ ನಿಮ್ಮ ಬರಹಗಾರರ ಕಣ್ಣಿಗೆ ಬಿದ್ದಿಲ್ಲವೇ? ಅವರಿಗೆ ಅಜ್ಜಿಯರೇ ಇರಲಿಲ್ಲವೇ?

ಹೋದ ವಾರ ದಬ್ಬೇಘಟ್ಟದಿಂದ ಅವಳ ಅಕ್ಕ ಹೊಂಬಾಳಮ್ಮ ಎದೆ ಬಡಿದುಕೊಂಡು ಬಂದರು. ಟೀವಿಯಲ್ಲಿ ಹಾರ ಕಂಡಿದ್ದರು. ನೋಡಿದರೆ ತಂಗಿ ಮುದ್ದೆ ಮುರಿಯುತ್ತಾ ಕೂತಿದ್ದಾಳೆ!

"ಥೂ, ಬದ್ಕಿದ್ದೀಯೇನೇ? ಬಸ್ಸಲ್ಲಿ ಪೂರ್ತಿ ಅತ್ಕಂಡ್ ಬಂದ್ನಲ್ಲೇ!"

"ಅತ್ತಿದ್ದು ಎಲ್ಲೂ ಹೋಗಲ್ಲ ಬುಡಕ್ಕ, ಮುಂದಕ್ ಬೇಕಾಯ್ತದೆ."

ಊರೆಲ್ಲ ನಕ್ಕಿತು, ನಾನು ಎಲ್ಲರಿಗಿಂತ ಜೋರಾಗಿ. ಅಕ್ಕನನ್ನು ಬಸ್ಸು ಹತ್ತಿಸಿ ಬಂದಮೇಲೆ ಅವಳು ನನ್ನ ಕಡೆ ತಿರುಗಿದಳು. "ನಗಾಡಿದ್ದು ಸಾಕು ಕಣ್ರೀ. ನಾನಾಡಿದ್ ಮಾತ್ನ ಕಿತ್ತಾಕಿ, ಬಾಯ್ ಮುಚ್ಚಿರೋ ಫೋಟೋನ ಇಟ್ಕಂಡವ್ರೆ."

ಅಂದಿನಿಂದ ಏಳು ಗಂಟೆಯಾದರೆ ನಾನು ಕೂರಲಾರೆ, ನಿಲ್ಲಲಾರೆ. ಜಗಲಿಗೆ ಹೋಗುತ್ತೇನೆ, ಒಳಗೆ ಬರುತ್ತೇನೆ, ಮತ್ತೆ ಹೋಗುತ್ತೇನೆ. ಅವಳೋ, ಆ ಹೊತ್ತಿಗೆ ಹಿತ್ತಲಿಗೆ ಹೋಗಿಬಿಡುತ್ತಾಳೆ.

ಆದ್ದರಿಂದ ಆ ಹಾರ ತೆಗೆಸಿ. ಕಿತ್ತುಹಾಕಿದ ದೃಶ್ಯವನ್ನು ಅವಳ ಮಾತಿನ ಸಮೇತ ತೋರಿಸಿ. ನಿಮ್ಮ ಕಥೆಯಲ್ಲಿ ಬೇಕಾದವರಿಗೆಲ್ಲ ಪುನರ್ಜನ್ಮ ಸಿಗುತ್ತದೆ. ಸಾಯದೇ ಇರುವವಳಿಗೆ ಒಂದು ಸಿಗಬಾರದೇ? ಆಗುವುದಿಲ್ಲವೆಂದರೆ ತಮ್ಮದೊಂದು ಫೋಟೊ ಹುಡುಕಿ, ದೊಡ್ಡದು ಮಾಡಿಸಿ, ಹಾರ ಹಾಕಿ ತಿಪಟೂರು ಬಸ್‌ಸ್ಟ್ಯಾಂಡಿನ ಎದುರು ಕಟ್ಟುತ್ತೇನೆ. ತಮ್ಮ ಮನೆಯವರಿಗೆ ಹೇಳಿ, ಗಾಬರಿ ಬೇಡ. ಬರೀ ಪಾತ್ರ.

ಇಂತಿ,
ಮನೆಯಲ್ಲಿ ಹೆಂಡತಿಯಿಂದ ಬೈಸಿಕೊಳ್ಳುತ್ತಿರುವ,
ತಮ್ಮ ಧಾರಾವಾಹಿಯ ಪ್ರಕಾರ ವಿಧುರನಾದ
ಬಸವರಾಜಪ್ಪ